ಅಣ್ಣನ ಮುಖದಲ್ಲಿ ತಮ್ಮ

ಅಣ್ಣನಿಗೆ ಬೆನ್ನು ಕೈಕೊಟ್ಟು ಆಪರೇಷನ್ ಆದ ಮೇಲೆ ಕಾರಿನ ಸ್ಟಿಯರಿಂಗ್ ತಮ್ಮನ ಕೈಗೆ ಬಂತು. ಟ್ಯಾಕ್ಸಿ ಆ್ಯಪ್‌ನಲ್ಲಿ ಖಾತೆ ಇದ್ದದ್ದು ಅಣ್ಣನ ಹೆಸರಿನಲ್ಲಿ. ಊರಲ್ಲಿ ಡ್ರೈವರ್‌ಗಳು ಹೆಚ್ಚಾದರೆಂದು ಕಂಪನಿ ಹೊಸ ಖಾತೆ ಕೊಡುವುದನ್ನೇ ನಿಲ್ಲಿಸಿತ್ತು. ಹಾಗಾಗಿ ಅಂಗಡಿಗಳಿಗೆ ಬೋರ್ಡು ಬರೆದುಕೊಂಡಿದ್ದ ತಮ್ಮ ಕುಂಚ ಎತ್ತಿಟ್ಟು ಅಣ್ಣನಾದ.

ಆಗುವುದು ಕಷ್ಟವೇನಿರಲಿಲ್ಲ. ವಂಶದ ಮೂಗು ಇಬ್ಬರಿಗೂ ಜಗಳವಿಲ್ಲದೆ ಪಾಲಾಗಿತ್ತು. ಆ್ಯಪ್ ಆಗಾಗ ‘ಮುಖ ತೋರಿಸಿ’ ಎನ್ನುತ್ತಿತ್ತು. ತಮ್ಮ ಮೀಸೆ ಬಿಟ್ಟು, ಅಣ್ಣನ ಕನ್ನಡಕ ಏರಿಸಿ ತೋರಿಸುತ್ತಿದ್ದ. ಅದು ಒಪ್ಪಿಕೊಂಡು, ಹಳೆಯ ಫೋಟೊ ತೆಗೆದು ಹೊಸದನ್ನು ಇಟ್ಟುಕೊಳ್ಳುತ್ತಿತ್ತು. ಸಹಾಯವಾಣಿಯಿಂದ ಫೋನ್ ಬಂದರೆ ಅಣ್ಣನ ಗಂಟಲನ್ನೇ ಬಾಡಿಗೆಗೆ ಪಡೆದವನಂತೆ ಕೆರೆದು, “ಹಾಂ, ಹೇಳಿ ತಾಯಿ, ಏನು ಸಮಾಚಾರ?” ಎನ್ನುತ್ತಿದ್ದ. ಅಡುಗೆಮನೆಯಲ್ಲಿ ಅತ್ತಿಗೆ ಬಾಯಿ ಮುಚ್ಚಿಕೊಂಡು ನಗುತ್ತಿದ್ದಳು. ಮಂಚದ ಮೇಲಿದ್ದ ಅಣ್ಣನೂ ನಗುತ್ತಿದ್ದ. “ನಗಿಸ್ಬೇಡ ಕಣೋ, ಹೊಲಿಗೆ ಬಿಚ್ಚೋಗುತ್ತೆ.”

ಕಾರು ಓಡಿಸಬಹುದೆಂದು ಡಾಕ್ಟರು ಹೇಳಿದ ಮರುದಿನ ಬೆಳಿಗ್ಗೆ ಅಣ್ಣ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಸ್ಟಿಯರಿಂಗ್ ಮುಂದೆ ಕುಳಿತ. ಆ್ಯಪ್ ಮುಖ ಕೇಳಿತು. ತೋರಿಸಿದ. ‘ಹೊಂದಿಕೆಯಾಗುತ್ತಿಲ್ಲ.’ ಕನ್ನಡಕ ಒರೆಸಿ ಮತ್ತೆ ತೋರಿಸಿದ. ‘ಹೊಂದಿಕೆಯಾಗುತ್ತಿಲ್ಲ. ಇನ್ನೊಂದು ಸಲ ತಪ್ಪಿದರೆ ಖಾತೆ ಶಾಶ್ವತವಾಗಿ ಮುಚ್ಚಲಾಗುವುದು.’ ಕಾಯಿಲೆಯಲ್ಲಿ ಅವನ ಕೆನ್ನೆ ಇಳಿದುಹೋಗಿತ್ತು. ಆ್ಯಪ್‌ಗೆ ಗೊತ್ತಿದ್ದ ಅಣ್ಣನಿಗೆ ತುಂಬುಗೆನ್ನೆ.

ಸಹಾಯವಾಣಿಗೆ ಫೋನ್ ಹಚ್ಚಿದ. ಹುಡುಗಿಯೊಬ್ಬಳು ಎತ್ತಿಕೊಂಡು ಅವನ ದೂರು ಕೇಳಿಸಿಕೊಂಡಳು.

“ಸರ್, ಖಾತೆದಾರರ ಹತ್ರ ಮಾತಾಡ್ಬೇಕಿತ್ತು.”

“ನಾನೇ ಕಣಮ್ಮ.”

“ಅವರ ಧ್ವನಿ ನಮ್ಮಲ್ಲಿ ರೆಕಾರ್ಡ್ ಆಗಿದೆ. ನಿಮ್ಮದು ಹೊಂದ್ತಾ ಇಲ್ಲ ಸರ್. ದಯವಿಟ್ಟು ಅವರಿಗೇ ಕೊಡಿ.”

ತಮ್ಮ ಕಿಟಕಿಗೆ ಬಾಗಿ ಪಿಸುಗುಟ್ಟಿದ: “ಗಂಟಲು ಕೆರಿ ಅಣ್ಣ. ಆಮೇಲೆ ‘ತಾಯಿ’ ಅನ್ನು.”

“ನಾನ್ಯಾವತ್ತು ಹಾಗಂದಿದ್ನೋ?”

“ಅಂತೀರಿ,” ಬಾಗಿಲಲ್ಲಿ ನಿಂತಿದ್ದ ಅತ್ತಿಗೆ ಹೇಳಿದಳು. “ಯಾವಾಗ್ಲೂ.”

ಅಣ್ಣ ಗಂಟಲು ಕೆರೆಯಲು ಹೋದ. ನಿಜವಾದ ಕೆಮ್ಮೇ ಬಂದುಬಿಟ್ಟಿತು. ಕೆಮ್ಮು ಮುಗಿಯುವವರೆಗೆ ಕಾದು ಹುಡುಗಿ ಫೋನ್ ಇಟ್ಟಳು.

ಅಣ್ಣ ಕೆಳಗಿಳಿದು ಫೋನನ್ನು ತಮ್ಮನತ್ತ ಚಾಚಿದ. “ನೀನೇ ತೋರಿಸು.”

“ಈಗ ತೋರಿಸಿದ್ರೆ ಮುಂದಕ್ಕೂ ನಾನೇ ತೋರಿಸ್ಬೇಕಾಗುತ್ತೆ. ನಿನ್ನ ಕಾರು ನಿಂಗೊಪ್ಪಿಸಿ ನನ್ನ ಕೆಲಸಕ್ಕೆ ಹೋಗೋಣ ಅಂತಿದ್ದೆ. ನನ್ನ ಹೆಸರು ಹಿಡಿದು ಯಾರಾದ್ರೂ ಕರೆದು ಎಷ್ಟು ದಿನ ಆಯ್ತು ಗೊತ್ತಾ?”

“ಖಾತೆ ಹೋದ್ರೆ ಈ ಕಾರು ಕೋಳಿಗೂಡಿಗೂ ಆಗಲ್ಲ.”

ತಮ್ಮನು ಅಣ್ಣನ ಕನ್ನಡಕಕ್ಕೆ ಕೈಯೊಡ್ಡಿದ. ಮುಖ ತೋರಿಸಿ ಹಿಂತಿರುಗಿಸಿದ. ಆ್ಯಪ್ ಅಣ್ಣನ ಹೆಸರಿನಿಂದ ಅವನನ್ನು ಸ್ವಾಗತಿಸಿತು. ಆ ಕೂಡಲೇ ಪಕ್ಕದ ಬೀದಿಯಿಂದ ಒಂದು ಬುಕಿಂಗನ್ನೂ ಕಳಿಸಿತು.

“ಅಲ್ಲೀವರೆಗೆ ಬರ್ತೀನಿ,” ಎಂದು ಅಣ್ಣ ಹಿಂದಿನ ಸೀಟಿನಲ್ಲಿ ಕುಳಿತ. ತಮ್ಮ ಗೇರ್ ಬದಲಿಸುವಾಗಲೆಲ್ಲ ಅಣ್ಣನ ಎಡಗಾಲು ತಾನಾಗಿ ನೆಲ ಒತ್ತುತ್ತಿತ್ತು.

ತಿರುವಿನಲ್ಲಿ ಕಾದಿದ್ದ ಹೆಂಗಸು ಬಾಗಿ ಒಳಗೆ ನೋಡಿ, ಫೋನಿನಲ್ಲಿದ್ದ ಡ್ರೈವರ್ ಹೆಸರು ಓದಿ, “ನೀವೇ ಅಲ್ವಾ?” ಎಂದಳು.

“ಹೌದು,” ಎಂದರು ಇಬ್ಬರೂ ಒಟ್ಟಿಗೆ.

ಆಕೆ ಹಿಂದೆ ಸರಿದಳು. ಬುಕಿಂಗ್ ರದ್ದು ಮಾಡಲು ಬೆರಳು ಫೋನಿನ ಮೇಲೆ ಓಡಾಡಿತು. ತಮ್ಮ ಕನ್ನಡಿಯಲ್ಲಿ ಅಣ್ಣನನ್ನೇ ನೋಡುತ್ತಿದ್ದ.

ಅಣ್ಣ ಬಾಗಿಲು ತೆರೆದು ಮೆಲ್ಲಗೆ ಇಳಿದ.

“ಅವ್ರೇ ಅಮ್ಮ. ನಾನು ಇಲ್ಲೀವರೆಗೆ ಬಂದೋನು,” ಎಂದು ಆಕೆಗೆ ಬಾಗಿಲು ಹಿಡಿದು ನಿಂತ. “ಕೂತ್ಕೊಳ್ಳಿ. ಒಳ್ಳೆ ಮನುಷ್ಯ.”