ಚಿರತೆ ಹೂಳಬೇಕಾದ ಮೇಕೆ

ಇಂಗ್ಲಿಷರಿಗೂ ಜರ್ಮನರಿಗೂ ನಡೆದ ಯುದ್ಧ ನಿಂತು ಹನ್ನೆರಡು ದಿನವಾಯಿತು ಎಂದು ದೊರೆಗಳು ಹೇಳುತ್ತಿದ್ದರು. ಆಫ್ರಿಕಾದ ಚಂಬೇಶಿ ನದಿಯ ಕಡೆಯಿಂದ ಐದು ದಿನ ನಡೆದು ಇಂಗ್ಲಿಷರ ಊರಾದ ಅಬರ್ಕಾರ್ನ್‌ಗೆ ಬಂದ ಚಿಲೆಕ್ವಾಳಿಗೆ ಮಾತ್ರ ದಾರಿಯುದ್ದಕ್ಕೂ ಕಂಡದ್ದು ಹೊರೆಯಾಳುಗಳ ತಲೆಯಿಂದ ಬಿದ್ದ ಹುಲ್ಲಿನ ಸಿಂಬಿಗಳು, ಮಳೆನೀರು ತುಂಬಿದ ಬೂಟಿನ ಗುರುತುಗಳು. ಅವಳ ತಲೆಯ ಮೇಲೆ ಒಂದು ಬುಟ್ಟಿ, ಅದರಲ್ಲಿ ರಾಗಿ ಹಿಟ್ಟು, ನಂಚಿಕೊಳ್ಳಲು ಒಣಗಿಸಿದ ಕಂಬಳಿಹುಳ. ತಮ್ಮ ಕಬಾಸೊ ಬದುಕಿದ್ದರೆ ಬಿಸಿ ಮುದ್ದೆ ಮಾಡಿ ಬಡಿಸಬೇಕು, ಸತ್ತಿದ್ದರೆ ಸತ್ತ ಎಂದು ಖಚಿತ ಮಾಡಿಕೊಂಡು ಊರಿಗೆ ಹೋಗಬೇಕು. ಅವಳು ಬಂದ ಕೆಲಸ ಇಷ್ಟೇ.

ಎರಡು ವರ್ಷದ ಹಿಂದೆ ಇಂಗ್ಲಿಷರ ಪೇದೆಗಳು ಹಳ್ಳಿಗೆ ಬಂದು ಗಂಡಸರ ಸೊಂಟಕ್ಕೆ ಹಗ್ಗ ಕಟ್ಟಿ ಎಳೆದುಕೊಂಡು ಹೋದಾಗ ಕಬಾಸೊ ಹೊಸ ಗುಡಿಸಲಿಗೆ ಹುಲ್ಲು ಹೊದಿಸುತ್ತಿದ್ದ. ಒಂದು ವರ್ಷ ಇಂಗ್ಲಿಷರ ಗುಂಡಿನ ಪೆಟ್ಟಿಗೆ ಹೊತ್ತ. ಆಮೇಲೆ ಪೋರ್ಚುಗೀಸರ ಸೀಮೆಯಲ್ಲಿ ಜರ್ಮನರು ಒಂದು ಠಾಣೆ ಗೆದ್ದರು. ಠಾಣೆಯ ಜೊತೆಗೆ ಅಲ್ಲಿದ್ದ ಅಕ್ಕಿ, ಬಂದೂಕು, ಹೊರೆಯಾಳು ಎಲ್ಲವೂ ಅವರದಾಯಿತು. ಇನ್ನೊಂದು ವರ್ಷ ಅವರ ಪೆಟ್ಟಿಗೆ ಹೊತ್ತ. ಪೆಟ್ಟಿಗೆಯ ಒಡೆಯ ಬದಲಾದ, ಕೆಳಗಿನ ತಲೆ ಅದೇ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎನ್ನುತ್ತಾರೆ. ಈ ಜಗಳಕ್ಕೂ ಆ ಕೂಸಿಗೂ ಸಂಬಂಧವೇ ಇರಲಿಲ್ಲ.

ಊರಿನಲ್ಲಿ ಸೋದರಮಾವ ಒಂದೇ ಸಮನೆ ಕೇಳುತ್ತಿದ್ದ, ಏನು ಮಾಡೋಣ ಎಂದು. ಸತ್ತವನ ಬಿಲ್ಲನ್ನು ವಾರಸುದಾರನ ಕೈಗೆ ಕೊಡಬೇಕು. ಆಗಲೇ ಸತ್ತವನ ಜೀವಕ್ಕೊಂದು ನೆಲೆ, ಅವನ ಹೆಂಡತಿಗೆ ಬಿಡುಗಡೆ. ಬದುಕಿರುವವನ ಬಿಲ್ಲು ಕೊಟ್ಟರೋ, ನಮ್ಮ ಕೈಯಾರೆ ಅವನನ್ನು ಕೊಂದ ಹಾಗೆ. ಕೊಡದೆ ಇದ್ದು ಅವನು ಸತ್ತಿದ್ದರೆ, ಅಲೆಯುತ್ತಾ ಬಂದು ಮನೆಯ ಮಕ್ಕಳನ್ನು ಹಿಡಿಯುತ್ತಾನೆ. ಕಬಾಸೊನ ಹೆಂಡತಿ ಎರಡು ವರ್ಷದಿಂದ ಅತ್ತ ಹೆಂಡತಿಯೂ ಅಲ್ಲ, ಇತ್ತ ವಿಧವೆಯೂ ಅಲ್ಲ. ನೋಡಿ ನೋಡಿ ಚಿಲೆಕ್ವಾಳಿಗೆ ರೋಸಿಹೋಗಿತ್ತು.

ಅವಳು ಬಂದ ದಿನವೇ ಮೈದಾನದಲ್ಲಿ ಶರಣಾಗತಿ. ಸಣ್ಣ ಮಳೆ. ಜರ್ಮನರ ಕಪ್ಪು ಸಿಪಾಯಿಗಳು ಸಾಲಾಗಿ ಬಂದು ಬಂದೂಕುಗಳನ್ನು ನೆಲಕ್ಕಿಟ್ಟು ಹಿಂದೆ ಸರಿದರು. ಬಿಳಿಯರು ಮಾತ್ರ ತಮ್ಮ ಆಯುಧಗಳನ್ನು ಸೊಂಟದಲ್ಲೇ ಉಳಿಸಿಕೊಂಡರು. ಚೆನ್ನಾಗಿ ಕಾದಾಡಿದ್ದಕ್ಕೆ ಇಂಗ್ಲಿಷರು ತೋರಿಸಿದ ಮರ್ಯಾದೆಯಂತೆ. ಆಮೇಲೆ ಎರಡು ಕಡೆಯವರೂ ಸಲಾಮು ಹೊಡೆದು ಕೈ ಕುಲುಕಿದರು. ನಾಲ್ಕು ವರ್ಷ ಒಬ್ಬರನ್ನೊಬ್ಬರು ಕೊಲ್ಲಲು ಅಟ್ಟಾಡಿಸಿದವರು ಬೀಗರ ಹಾಗೆ ನಗುತ್ತಿದ್ದರು. ಜರ್ಮನರ ಬಳಿ ಕೈದಿಗಳಾಗಿದ್ದ ಬಿಳಿಯರ ಹೆಸರನ್ನು ಒಬ್ಬ ಗಟ್ಟಿಯಾಗಿ ಓದಿದ. ಹೊರೆಯಾಳುಗಳ ಹೆಸರನ್ನು ಯಾರಾದರೂ ಓದುತ್ತಾರೆಂದು ಚಿಲೆಕ್ವಾ ಕಿವಿಗೊಟ್ಟು ನಿಂತೇ ಇದ್ದಳು. ಅವರನ್ನು ಕೋಲಿನಿಂದ ತಟ್ಟಿ, ತಲೆ ಎಣಿಸಿ, ಮುಳ್ಳುಬೇಲಿಯ ದೊಡ್ಡಿಗೆ ತಳ್ಳಿದರು.

ದೊಡ್ಡಿಯ ಬಾಗಿಲಲ್ಲಿ ಕಾವಲು ಸಿಪಾಯಿ ಊಟ ತಂದ ಹೆಂಗಸರನ್ನು ಒಳಗೆ ಬಿಡುತ್ತಿದ್ದ. ಒಳಗೆ ಹೋದದ್ದು ಎಷ್ಟು, ಹೊರಗೆ ಬಂದದ್ದು ಎಷ್ಟು ಎಂಬುದಷ್ಟೇ ಅವನಿಗೆ ಬೇಕಾಗಿತ್ತು. ಚಿಲೆಕ್ವಾ ಒಳಗೆ ಹೋಗಿ ತಮ್ಮನ ಹೆಸರು ಹಿಡಿದು ಕೂಗುತ್ತಾ ನಡೆದಳು. ಕೆಮ್ಮುತ್ತಿದ್ದವರು ತಲೆಯೆತ್ತಿ ನೋಡಿ ಮತ್ತೆ ಮಲಗಿದರು. ಆಗ ಮೂಲೆಯಿಂದ ಒಂದು ದನಿ ಬಂತು.

"ಯಾವ ಕುಲದವಳೇ ನೀನು, ಹಿಂಗೆ ಅರಚ್ತಿದೀಯ?"

"ಮೇಕೆ ಕುಲ. ಏನೀಗ?"

"ಅದಕ್ಕೇ ಮತ್ತೆ ಆ ದನಿ. ನಾನು ಚಿರತೆ. ನನಗೆ ಹಸಿವು, ಹತ್ರ ಬರಬೇಡ."

ಚಿಲೆಕ್ವಾಳಿಗೆ ಐದು ದಿನದಲ್ಲಿ ಮೊದಲ ಸಲ ಉಸಿರು ಸರಾಗವಾಯಿತು. ಚಿರತೆ ಕುಲ, ಮೇಕೆ ಕುಲ ಎಂದರೆ ಹಾಗೆ. ಒಬ್ಬರನ್ನೊಬ್ಬರು ಏನು ಬೈದರೂ ಕೋಪ ಮಾಡಿಕೊಳ್ಳುವಂತಿಲ್ಲ. ಮೇಕೆ ಸತ್ತರೆ ಗುಂಡಿ ತೋಡಿ ಹೂಳುವವನು ಚಿರತೆ ಕುಲದವನೇ, ಹೂಳುವಾಗ ಗೇಲಿ ಮಾಡಿ ನಗಿಸಬೇಕಾದವನೂ ಅವನೇ.

"ಮೂಳೆ ಚೀಲ ಆಗಿದೀಯ, ನೀನೇನು ತಿಂತೀಯೋ ನನ್ನ?" ಎನ್ನುತ್ತಾ ಅವಳು ಅವನ ಮುಂದೆ ಕೂತಳು. "ನನ್ನ ತಮ್ಮ ಕಬಾಸೊ. ಎಡಗಿವಿ ಹರಿದಿರುತ್ತೆ. ಗೊತ್ತಾ?"

ಅವನ ಹೆಸರು ಕಟೊಂಗೊ. ಅವನು ಬುಟ್ಟಿಯ ಕಡೆ ನೋಡಿದ, ಅವಳ ಮುಖ ನೋಡಿದ. ಆಮೇಲೆ ಬಲವಂತದಿಂದ ಬಾಯಗಲಿಸಿ ನಕ್ಕ.

"ಒಂದು ಮೇಕೆ ಕಮ್ಮಿಯಾಯ್ತು ಬಿಡು. ಕಳ್ಳ ನನ್ಮಗ, ನನ್ನ ಪಾಲಿನ ಮುದ್ದೇನೂ ತಿಂದ್ಕೊಂಡು ಹೋದ. ಇನ್ನು ಚಿರತೆಗಳು ನೆಮ್ಮದಿಯಾಗಿ ಉಣ್ಣಬೋದು."

ಹೂಳುವವನ ಹಾಗೆ ಗೇಲಿ ಮಾಡಿದನೆಂದರೆ ಕಬಾಸೊ ಸತ್ತದ್ದು ನಿಜ. ಚಿಲೆಕ್ವಾ ಕೈ ತಟ್ಟಿ ತಲೆಬಾಗಿದಳು, ಸಾವಿನ ಸುದ್ದಿ ತಂದವನಿಗೆ ಸಲ್ಲಬೇಕಾದ ಹಾಗೆ. ಮೈದಾನದಲ್ಲಿ ಅಷ್ಟೊಂದು ಮರ್ಯಾದೆ ನಡೆಯಿತಲ್ಲ, ಅವಳ ತಮ್ಮನಿಗೆ ಸಿಕ್ಕ ಮರ್ಯಾದೆ ಈ ಬೈಗುಳವೊಂದೇ.

"ಎಲ್ಲಿ ಹೂಳಿದೆ?" ಎಂದಳು.

ಕಟೊಂಗೊನ ನಗು ನಿಂತಿತು. "ಹೂಳಲಿಲ್ಲ ಅಕ್ಕ."

ಚಿರತೆ ಮೇಕೆಯನ್ನು ಅಕ್ಕ ಎಂದು ಕರೆಯುವುದಿಲ್ಲ. "ಹೂಳಲಿಲ್ಲ ಅಂದ್ರೆ? ನೀನು ಚಿರತೆ ತಾನೇ?"

"ಯುದ್ಧ ನಿಂತ ಕಾಗದ ಬಂತು. ನಾವು ಕುಣಿದ್ವಿ, ಪೆಟ್ಟಿಗೆ ಕೆಳಗಿಟ್ವಿ. ಎರಡು ದಿನ ದೊರೆಗಳು ಕಾಗದದ ಮೇಲೆ ಚೌಕಾಸಿ ಮಾಡಿದ್ರು. ಆಮೇಲೆ, ಎತ್ರೋ ಮೇಲೆ ಅಂದ್ರು. ಶರಣಾಗೋಕೆ ಭಿಕಾರಿಗಳ ಹಂಗೆ ಹೋಗೋಕಾಗಲ್ಲವಂತೆ. ನಿನ್ನ ತಮ್ಮನ ತಲೆ ಮೇಲೆ ಕ್ಯಾಪ್ಟನ್ ಪೆಟ್ಟಿಗೆ. ಇಸ್ತ್ರಿ ಮಾಡಿದ ಅಂಗಿ, ಪಾಲಿಶ್ ಬೂಟು. ಕೆಮ್ಮು ಬಂದಿತ್ತು ಅವನಿಗೆ, ನೆತ್ತರು ಬೀಳ್ತಿತ್ತು. ಮೊನ್ನೆ ದಾರೀಲಿ ಒಂದು ಕಲ್ಲುಹಳ್ಳದ ಹತ್ರ ಕೂತ. ಮೇಲೇಳಲಿಲ್ಲ. ಗುದ್ದಲಿ ಕೇಳ್ದೆ. ಕ್ಯಾಪ್ಟನ್ ಗಡಿಯಾರ ನೋಡ್ದ. ಇಂಗ್ಲಿಷರಿಗೆ ಮಾತು ಕೊಟ್ಟಿದೀವಿ, ಹೊತ್ತಿಗೆ ಸರಿಯಾಗಿ ಹೋಗ್ಬೇಕು ಅಂದ. ನನ್ನ ಬೆನ್ನಿಗೆ ನಾಲ್ಕು ಬಿತ್ತು, ಅವನ ಪೆಟ್ಟಿಗೇನೂ ನನ್ನ ತಲೆಗೇ ಬಂತು. ಸೊಪ್ಪು ಮುಚ್ಚಿ ಬಂದಿದೀನಿ, ಅಷ್ಟೇ."

ಯುದ್ಧದಲ್ಲಿ ಸತ್ತಿದ್ದರೆ ಯುದ್ಧವನ್ನು ಶಪಿಸಬಹುದಿತ್ತು. ಇವನು ಸತ್ತದ್ದು ಶಾಂತಿಯಲ್ಲಿ, ಒಬ್ಬ ಸೋತವನು ಇಸ್ತ್ರಿ ಮಾಡಿದ ಅಂಗಿ ತೊಟ್ಟು ಅಂದವಾಗಿ ಸೋಲಲಿ ಎಂದು. ಚಿಲೆಕ್ವಾ ಅಳಲಿಲ್ಲ. ಬುಟ್ಟಿಯನ್ನು ಅಲ್ಲೇ ಬಿಟ್ಟು ಸೀದಾ ಕಚೇರಿಗೆ ನಡೆದಳು.

ಕಚೇರಿಯ ಜಗುಲಿಯಲ್ಲಿ ಊಟ ನಡೆಯುತ್ತಿತ್ತು. ಕೆಂಪು ಗಡ್ಡದ ಜರ್ಮನ್ ಕ್ಯಾಪ್ಟನ್ನು ಇಂಗ್ಲಿಷ್ ಮೇಜರನ ಪಕ್ಕದಲ್ಲಿ ಕೂತು, ಉಪ್ಪಿನ ಡಬ್ಬಿ, ಚಮಚ ಜೋಡಿಸಿ ಯಾವ ನದಿಯಲ್ಲಿ ಹೇಗೆ ತಪ್ಪಿಸಿಕೊಂಡೆ ಎಂದು ತೋರಿಸುತ್ತಿದ್ದ. ಅಂಗಿ ಬಿಳಿಯಾಗಿತ್ತು. ಮೆಟ್ಟಿಲ ಬಳಿ ದುಭಾಷಿ ಮುಕುಕಾ ನಿಂತಿದ್ದ, ನಮ್ಮವನೇ, ಕಾಲಿಗೆ ಬೂಟು ಬಂದಿತ್ತು ಅಷ್ಟೇ.

"ಹೇಳು ಇವರಿಗೆ," ಎಂದಳು. "ನನ್ನ ತಮ್ಮ ಕಲ್ಲುಹಳ್ಳದಲ್ಲಿ ನಾಯಿಪಾಡಾಗಿ ಬಿದ್ದಿದಾನೆ. ಯುದ್ಧ ಮುಗಿದ ಮೇಲೆ ಸಾಯಿಸಿದಾರೆ. ದೊಡ್ಡೀಲಿರೋ ಕಟೊಂಗೊನ್ನ ನಾಲ್ಕು ದಿನ ಬಿಡಲಿ, ಹೂತು ಬರ್ತಾನೆ. ಇವರ ಊಟದಲ್ಲಿ ಪಾಲು ಕೇಳ್ತಿಲ್ಲ ನಾನು."

ಮುಕುಕಾ ತುಟಿ ಒರೆಸಿಕೊಂಡು ಇಂಗ್ಲಿಷಿನಲ್ಲಿ ಏನೋ ಹೇಳಿದ. ಅಷ್ಟೊಂದು ಮಾತು ಮೂರೇ ಮಾತಾಗಿತ್ತು. ಮೇಜರ್ ಅವಳತ್ತ ನೋಡಿ ಇಲ್ಲವೆಂದು ಮೆಲ್ಲಗೆ ತಲೆಯಾಡಿಸಿದ. ಕ್ಯಾಪ್ಟನ್ನು ಮುಗುಳ್ನಕ್ಕು ತಟ್ಟೆಯಿಂದ ಎರಡು ಬಿಸ್ಕತ್ತು ತೆಗೆದು ಚಾಚಿದ.

"ಏನು ಹೇಳ್ದೆ ನೀನು?"

"ಸಂಬಂಧಿಕನ್ನ ನೋಡೋಕೆ ಬಂದಿದಾಳೆ, ಅವನ್ನ ನಾಲ್ಕು ದಿನ ಕಳಿಸಿ ಅಂತ," ಎಂದ ಮುಕುಕಾ, ದನಿ ತಗ್ಗಿಸಿ. "ಆಗಲ್ಲವಂತೆ. ಒಪ್ಪಂದದಲ್ಲಿ ಇಷ್ಟು ತಲೆ ಅಂತ ಬರ್ದಿದೆ, ದಿನಾ ಸಂಜೆ ಇಷ್ಟು ತಲೆ ಇರ್ಬೇಕು. ಹೋಗಮ್ಮ, ಇಂಥ ದಿನ ಹಂಗೆಲ್ಲ ಮಾತಾಡ್ಬಾರ್ದು. ಅವರು ಈಗ ರಾಜಿಯಾಗಿದಾರೆ."

"ರಾಜಿ ಅವರವರದು. ನನ್ನದಲ್ಲ. ನಿನ್ನ ನಾಲಿಗೆಗೆ ಬೆಣ್ಣೆ ಹಚ್ಚಿದಾರೆ, ನೆಕ್ಕೊಂಡಿರು." ಬಿಸ್ಕತ್ತಿನ ಕಡೆ ನೋಡದೆ ಅವಳು ತಿರುಗಿದಳು.

ತಲೆ ಬೇಕು. ಹೆಸರು ಬೇಡ, ಕುಲ ಬೇಡ, ಗಂಡೋ ಹೆಣ್ಣೋ ಬೇಡ. ಜರ್ಮನರ ದಂಡಿನ ಹಿಂದೆ ಹೆಂಗಸರೂ ಹೊರೆ ಹೊತ್ತು ಬಂದಿದ್ದರು, ದೊಡ್ಡಿಯಲ್ಲಿ ಅವರೂ ಇದ್ದರು. ಸಿಟ್ಟಿನಲ್ಲಿ ಹೆಜ್ಜೆ ಹಾಕುತ್ತಲೇ ಚಿಲೆಕ್ವಾ ಲೆಕ್ಕ ಹಾಕಿದಳು. ಅವಳು ದೊಡ್ಡಿಗೆ ವಾಪಸು ಬಂದು ಹೊರೆಯಾಳಿನ ಗುರುತಿಗೆಂದು ಕಟೊಂಗೊನ ಕೊರಳಿಗೆ ಕಟ್ಟಿದ್ದ ತಗಡಿನ ಬಿಲ್ಲೆ ಕಿತ್ತುಕೊಂಡು ತನ್ನ ಕೊರಳಿಗೆ ಹಾಕಿಕೊಂಡಳು.

"ಬುಟ್ಟಿ ತಲೆ ಮೇಲಿಟ್ಕೊಂಡು ಹೊರಗೆ ಹೋಗು. ಒಬ್ಬಳು ಒಳಗೆ ಬಂದಿದಾಳೆ, ಒಬ್ಬ ಹೊರಗೆ ಹೋಗ್ತಾನೆ. ಯಾರ ಹತ್ರನಾದ್ರೂ ಗುದ್ದಲಿ ಇಸ್ಕೋ."

"ನಾನು ವಾಪಸು ಬರದೆ ಹೋದ್ರೆ?"

"ಚಿರತೆ ಮಾತು ನಂಬೋ ಮೇಕೆ ಇದೆಯೇನೋ? ನೀನು ಬರಲ್ಲ ಅಂತಲೇ ಇಟ್ಕೊಂಡಿದೀನಿ. ಹೂತ ಮೇಲೆ ನಮ್ಮೂರಿಗೆ ಹೋಗಿ ನಮ್ಮ ಮಾವನಿಗೆ ಹೇಳು. ಆಳವಾಗಿ ತೋಡು. ಮಲಗಿಸೋವಾಗ ನಾಲ್ಕು ಬೈಗುಳ ಜಾಸ್ತಿ ಬೈಯಿ, ನನ್ನ ಪಾಲಿಂದು."

ಕಾವಲಿನವನು ಬುಟ್ಟಿಯ ಕೆಳಗಿನ ಮುಖ ನೋಡಲಿಲ್ಲ. ಸಂಜೆ ಎಣಿಸಿದಾಗ ತಲೆಗಳು ಸರಿಯಾಗಿದ್ದವು.

ಮರುದಿನ ಬೆಳಿಗ್ಗೆ ಕೆಂಪು ಗಡ್ಡದ ಕ್ಯಾಪ್ಟನ್ನು ತನ್ನ ಹೊರೆಯಾಳುಗಳಿಗೆ ವಿದಾಯ ಹೇಳಲು ದೊಡ್ಡಿಗೆ ಬಂದ. ನಂಬಿಗಸ್ತರಿಗೆ ತಾನೇ ಕೈ ಕುಲುಕಬೇಕೆಂದು ಅವನಿಗೆ ಆಸೆಯಂತೆ. ಎಲ್ಲರನ್ನೂ ಸಾಲಾಗಿ ನಿಲ್ಲಿಸಿದರು. ಅವನು ಒಬ್ಬೊಬ್ಬರ ಕೈ ಹಿಡಿಯುತ್ತಾ ಬಂದ. ಹಿಂದೆ ಮುಕುಕಾ, ಅದೇ ಎರಡು ಮಾತನ್ನು ತಿರುತಿರುಗಿ ಹೇಳುತ್ತಾ. ಚಿಲೆಕ್ವಾಳ ಎದುರು ಮುಕುಕಾನ ಮಾತು ನಿಂತುಹೋಯಿತು. ಕೊರಳಿನ ಬಿಲ್ಲೆ ನೋಡಿದ. ಅವನಿಗೆ ಎಲ್ಲ ಅರ್ಥವಾಯಿತೆಂದು ಅವಳಿಗೂ ಗೊತ್ತಾಯಿತು. ಅವನೊಂದು ಮಾತಾಡಿದರೆ ಹಳ್ಳದ ದಾರಿಗೆ ಸಿಪಾಯಿಗಳು ಓಡುತ್ತಿದ್ದರು.

ಕ್ಯಾಪ್ಟನ್ನು ಏನೋ ಕೇಳಿದ. ಮುಕುಕಾ ಹೌದೆಂದು ತಲೆಯಾಡಿಸಿ ಒಂದು ಮಾತು ಹೇಳಿದ. ಅವಳಿಗೆ ಕೇಳಲೆಂದು ನಮ್ಮ ಮಾತಿನಲ್ಲೇ ಮೆಲ್ಲಗೆ ಹೇಳಿದ: "ಇವಳೂ ಹೊತ್ತವಳೇ ಅಂತ ಹೇಳ್ದೆ."

ಬಿಳಿಯ ಕೈ ಮುಂದೆ ಬಂತು. ಚಿಲೆಕ್ವಾ ತನ್ನ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಳು.

"ನನ್ನ ತಮ್ಮನಿಗೆ ಮಣ್ಣು ಹಾಕೋಕೆ ಬಿಡದ ಕೈ ಅದು. ನಾನು ಮುಟ್ಟಲ್ಲ. ಇದನ್ನ ಹೇಳು. ನಿನ್ನೆ ಹೇಳಿದ ಹಂಗಲ್ಲ, ನಾನು ಹೇಳಿದ ಹಂಗೆ."

ಮುಕುಕಾ ಕ್ಯಾಪ್ಟನ್ನನ ಕಡೆ ತಿರುಗಿದ. ಆಮೇಲೆ ನಿಧಾನವಾಗಿ, ಒಂದೊಂದೇ ಮಾತು ಹೇಳಿದ. ಈ ಸಲ ಅವಳ ಮಾತು ಎಷ್ಟು ಉದ್ದವಿತ್ತೋ ಅವನದೂ ಅಷ್ಟೇ ಉದ್ದವಿತ್ತು. ಕ್ಯಾಪ್ಟನ್ನನ ಮುಖದಲ್ಲಿ ಸಿಟ್ಟೇನೂ ಬರಲಿಲ್ಲ. ಹುಬ್ಬು ಗಂಟಿಕ್ಕಿ ನಿಜವಾಗಿಯೂ ನೆನಪು ಮಾಡಿಕೊಳ್ಳಲು ನೋಡಿದ. ಆಮೇಲೆ ಮೆದುವಾಗಿ ಒಂದು ಪ್ರಶ್ನೆ ಕೇಳಿದ.

ಮುಕುಕಾ ನೆಲ ನೋಡಿದ. "ಯಾವನು ಅಂತ ಕೇಳ್ತಿದಾರೆ. ಅಂಥವರು ಬಹಳ ಜನ ಇದ್ದರಂತೆ. ಹೆಸರು ಹೇಳಿದ್ರೆ ಬರ್ಕೋತಾರಂತೆ."

ಕಟೊಂಗೊ ಈ ಹೊತ್ತಿಗೆ ಅರ್ಧ ದಾರಿ ದಾಟಿರಬೇಕು.

"ಹೇಳಲ್ಲ," ಎಂದಳು ಚಿಲೆಕ್ವಾ. "ಆ ಹೆಸರು ಇವನ ಬಾಯಿಗೆ ಬೀಳೋದು ಬೇಡ."