ಬೆಟ್ಟಮ್ಮನ ಸರದಿ

ಸಿದ್ದರಾಜುವಿಗೆ ಸಾಕುಸಾಕಾಗಿತ್ತು. ಪಾಂಡವಪುರದ ತನ್ನ ಟೈಪಿಂಗ್ ಅಂಗಡಿಯಲ್ಲಿ ಕಂಪ್ಯೂಟರಿನ ಮುಂದೆ ಕೂತು ಕೂತು ಸೊಂಟ ಬಿದ್ದುಹೋಗಿತ್ತು. ಮಾಡಿದ್ದೇನು ಮಹಾ, ಕಂಪ್ಯೂಟರಿನಲ್ಲಿ ಆಡುವ ಒಂದು ಚೌಕಾಬಾರ. ತೊಂಬತ್ತೊಂಬತ್ತನೇ ಇಸವಿ, ಫೋನಿನ ತಂತಿಯಲ್ಲಿ ಇಂಟರ್‌ನೆಟ್ಟು ಬಂದ ಹೊಸತು. ಅವನು ಇಲ್ಲಿಂದ ಆಡಬೇಕು, ಅಕ್ಕ ಬೆಟ್ಟಮ್ಮ ನಾಗಮಂಗಲದಲ್ಲಿ ಮಗಳು ಅರ್ಪಿತಳ ಕಂಪ್ಯೂಟರಿನಿಂದ ಆಡಬೇಕು. ಲಕ್ವ ಹೊಡೆದ ಮೇಲೆ ಗೋಡೆ ಕಡೆ ತಿರುಗಿ ಮಲಗಿದ್ದ ಅಕ್ಕ, ಆಟ ಅಂದ ಕೂಡಲೇ ಎದ್ದು ಕೂತಳಂತೆ. ಇದೂ ಕೈಕೊಟ್ಟರೆ ಮತ್ತೆ ಮಲಗಿಬಿಡುತ್ತಾಳೆ ಅಂತ ಅವನಿಗೆ ಭಯ.

ಕಂಪ್ಯೂಟರು ಎಸೆಯುವ ಕವಡೆಯನ್ನು ಅಕ್ಕ ನಂಬುವವಳಲ್ಲ. "ಕಣ್ಗ್ ಕಾಣದ ಕವಡೆ ಯಾವನಿಗ್ ಬೇಕು" ಅಂದಿದ್ದಳು. ಸರಿ, ಇಬ್ಬರೂ ಅವರವರ ಮನೆಯಲ್ಲಿ ನಿಜವಾದ ಕವಡೆ ಎಸೆದು, ಬಿದ್ದ ಲೆಕ್ಕ ಒತ್ತಿ ಕಾಯಿ ನಡೆಸುವುದು ಅಂತಾಯಿತು. ನಂಬಿಕೆ ಮೇಲೆ ಆಟ.

ಆದರೆ ಈ ಹಾಳು ತಡ. ಅಕ್ಕನ ಸರದಿ ಬಂತೆಂದರೆ ಪರದೆ ಗರ ಬಡಿದಂತೆ ನಿಲ್ಲುತ್ತಿತ್ತು. ಅವನು ಮನೆಗಳ ಬಣ್ಣ ತೆಗೆದ, ಕಾಯಿಗಳ ಚಿತ್ರ ತೆಗೆದ. ಪ್ರತಿ ಸಲ ಇಡೀ ಮಣೆ ಕಳಿಸುವುದು ಬಿಟ್ಟು, ಯಾವ ಕಾಯಿ, ಎಷ್ಟು ಮನೆ ಅಂತ ಎರಡೇ ಅಂಕಿ ಕಳಿಸಿದ. ಅವನ ಆಟ ಮೂರು ಸೆಕೆಂಡಿಗೆ ಅಲ್ಲಿ ಮುಟ್ಟುತ್ತಿತ್ತು. ಅಲ್ಲಿಂದ ಬರುವುದಕ್ಕೆ ಮಾತ್ರ ಅದೇ ಒಂದು ನಿಮಿಷ, ಎರಡು ನಿಮಿಷ. ಫೋನು ಮಾಡಿ ಕೇಳಿದರೆ ಅಕ್ಕ, "ನನ್ ಕೈ ವಾಸಿ ಆಯ್ತು ಕಣ್ಲಾ, ನಿನ್ ಲೈನ್ ನೋಡ್ಕೊ ಓಗು" ಅಂದಳು. ನಾಗಮಂಗಲದ ಲೈನಿಗೆ ಹಿಡಿಶಾಪ ಹಾಕುತ್ತಾ, ರೋಸಿಹೋಗಿ ಒಂದು ನಿಯಮ ಸೇರಿಸಿಬಿಟ್ಟ: ಇಪ್ಪತ್ತು ಸೆಕೆಂಡಿನಲ್ಲಿ ಆಡದಿದ್ದರೆ ಸರದಿ ಎದುರಿನವರಿಗೆ.

ಆಟ ಏನೋ ಓಡಿತು. ನಾಲ್ಕು ದಿನ ನಾಲ್ಕು ಆಟ, ನಾಲ್ಕೂ ಅವನೇ ಗೆದ್ದ. ಚಿಕ್ಕಂದಿನಿಂದ ಅಕ್ಕನ ಎದುರು ಒಂದಾದರೂ ಗೆದ್ದವನಲ್ಲ. ಲೈನು ಸರಿಹೋಯಿತೆಂದು ಬೀಗಿದ, ಪುಣ್ಯಾತ್ಮ. ಐದನೆಯ ದಿನ ಅಕ್ಕ ಆಟಕ್ಕೆ ಬರಲಿಲ್ಲ. ಆರನೆಯ ದಿನವೂ ಇಲ್ಲ.

ಹೊಸ ಮೋಡೆಮ್ಮು ಕಂಕುಳಲ್ಲಿಟ್ಟುಕೊಂಡು ನಾಗಮಂಗಲದ ಬಸ್ಸು ಹತ್ತಿದ.

ಹೋಗಿ ನೋಡಿದರೆ ಅಕ್ಕ ಮಂಚದ ಮೇಲೆ ಕೂತಿದ್ದಾಳೆ. ಬಲಗೈ ಮಡಿಲಲ್ಲಿ ಸುಮ್ಮನೆ ಬಿದ್ದಿದೆ. ಎಡಗೈಯಲ್ಲಿ ಕವಡೆ ಎಸೆಯುತ್ತಾಳೆ, ಅವು ಚದುರಿ ಮಂಚದಡಿಗೆ ಹೋಗುತ್ತವೆ, ಅರ್ಪಿತ ಬಗ್ಗಿ ಆಯ್ದು ಕೊಡುತ್ತಾಳೆ.

"ಬೇಗ ಎಸೆಯಾದ್ ಕಲೀತಾವ್ನಿ ಕಣ್ಲಾ," ಅಂದಳು ಅಕ್ಕ, ಅವನ ಮುಖ ನೋಡದೆ. "ಇಪ್ಪತ್ ಎಣ್ಸಾದ್ರೊಳ್ಗೆ ಆಯ್ತಾನೇ ಇಲ್ಲ. ವಸಿ ದಿನ ತಡಿ, ಬತ್ತೀನಿ."

ಸಿದ್ದರಾಜುವಿಗೆ ನೆಲ ಬಿರಿದು ನುಂಗಬಾರದೇ ಅನ್ನಿಸಿತು. ತಂತಿಯನ್ನೆಲ್ಲ ಜಾಲಾಡಿದವನು ಅಕ್ಕನ ಕೈ ಬಗ್ಗೆ ಅರ್ಪಿತಳನ್ನು ಒಂದು ಮಾತು ಕೇಳಿರಲಿಲ್ಲ. ಮೋಡೆಮ್ಮು ಬಿಚ್ಚಲೂ ಇಲ್ಲ. "ಆ ಇಪ್ಪತ್ತು ನಂದೇ ತಪ್ಪು ಕಣಕ್ಕ, ತೆಗೆದ್ಬುಡ್ತೀನಿ," ಅಂದ.

ಮಾರನೆಯ ಸಂಜೆ ಪಾಂಡವಪುರದಲ್ಲಿ ತನ್ನ ಕಾಯಿ ನಡೆಸಿ ಕೂತ. ಒಂದು ನಿಮಿಷ ಆಯಿತು, ಎರಡಾಯಿತು. ಲೈನು ಇದೆಯೋ ಇಲ್ಲವೋ ಅಂತ ನೋಡಲಿಲ್ಲ. ಮೂರನೆಯ ನಿಮಿಷಕ್ಕೆ ಚೌಕ ಬಿತ್ತು. ಅಕ್ಕನ ಕಾಯಿ ನಾಲ್ಕು ಮನೆ ನಡೆದು, ಇನ್ನೇನು ಹಣ್ಣಾಗಬೇಕಿದ್ದ ಅವನ ಕಾಯಿಯನ್ನು ಹೊಡೆದು ಹಾಕಿತು.

ಹೊಡೆದವರಿಗೆ ಇನ್ನೊಂದು ಸರದಿ. ಸಿದ್ದರಾಜು ಮತ್ತೆ ಕಾಯುತ್ತಾ ಕೂತ.