ಶನಿವಾರ ಓದುವ ಕಾಗದ

ಕನ್ನಡಿಯಲ್ಲಿ ಸೂರ್ಯಕಾಂತಿ ಹೊಲ ಹಿಂದಕ್ಕೆ ಸರಿಯುತ್ತಿದೆ, ಹೂವೆಲ್ಲ ಆಚೆಗೆ ಮುಖ ಮಾಡಿ ರಸ್ತೆಗೆ ಬೆನ್ನು ಕೊಟ್ಟು ನಿಂತಿವೆ, ಬಸ್ಸಿನ ಡ್ರೈವರ್ ಎಡಗಡೆಯ ಕನ್ನಡಿ ನೋಡುತ್ತಲೇ ಇಲ್ಲ, ಅವನ ಬದಲಿಗೆ ನಾನು ನೋಡುತ್ತಿದ್ದೇನೆ, ಹದಿನೆಂಟು ವರ್ಷ ತರಕಾರಿ ಟೆಂಪೊ ಓಡಿಸಿದ ಕಣ್ಣು, ಟಿಕೆಟ್ ತಗೊಂಡು ಕೂತರೂ ಕನ್ನಡಿಗೇ ಹೋಗುತ್ತದೆ, ತಿರುವು ಬಂದರೆ ಬಲಗಾಲು ಬ್ರೇಕ್ ಇಲ್ಲದ ಕಡೆ ಒತ್ತುತ್ತದೆ. ಟೆಂಪೊ ತರ್ಬ್ಯಾಡ, ಕೊಳ್ತ ಟೊಮೇಟೊ ನಾತ, ಜೆಸಿಂತನ ಕರ್ಕಂಡು ಬಸ್ಸಲ್ಲಿ ಬಾ, ಅಂತ ಹೆಂಡತಿ ಆರೋಗ್ಯ ಗುರುವಾರ ಹೊರಡುವಾಗಲೇ ಹೇಳಿದ್ದಳು, ಬಾಗಿಲು ದಾಟಿದ ಮೇಲೂ ತಿರುಗಿ ಬಂದು ಹೇಳಿದ್ದಳು. ಜೆಸಿಂತ ನನ್ನ ಭುಜಕ್ಕೆ ತಲೆ ಕೊಟ್ಟು ನಿದ್ದೆ ಹೋಗಿದ್ದಾಳೆ, ಒಂಬತ್ತನೇ ಕ್ಲಾಸಿನ ಚಿಕ್ಕ ಮಗಳು, ಮೂರು ದಿನ ನಾನು ಮಾಡಿದ ಅಡುಗೆ ತಿಂದು ಸುಸ್ತಾಗಿದ್ದಾಳೆ, ಶುಕ್ರವಾರ ಸಾರಿಗೆ ಉಪ್ಪೇ ಹಾಕಿರಲಿಲ್ಲ ನಾನು, ಇದ್ನೂ ಅಮ್ಮನ ಲೆಕ್ಕಕ್ಕೆ ಸೇರಿಸ್ಬುಡಪ್ಪ, ತ್ಯಾಗ, ಅಂದಳು, ನಗಲಿಲ್ಲ, ನಾನೂ ನಗಲಿಲ್ಲ, ಆಮೇಲೆ ಇಬ್ಬರೂ ನಕ್ಕೆವು. ತೆರಕಣಾಂಬಿ ದಾಟಿತು. ಚಾಮರಾಜನಗರ ಇನ್ನು ಮುಕ್ಕಾಲು ಗಂಟೆ, ಆರೋಗ್ಯ ಹೋಗಿರುವ ಕೋರ್ಸಿನ ಸಮಾರೋಪ ನಾಲ್ಕು ಗಂಟೆಗೆ, ಚರ್ಚಿನ ಹಿಂದಿನ ಹಾಲ್‌ನಲ್ಲಿ, ಅವಳು ಕಾಗದ ಓದಿ ಒಂದು ರಾತ್ರಿ ಕಳೆದಾಯಿತು, ನಾನು ಇನ್ನೂ ಫೋನ್ ಮಾಡಿಲ್ಲ.

ಕಾಗದ ಅಂದರೆ ಪಲಾಂಕ. ಸ್ಪೇನ್ ದೇಶದ ಮಾತಂತೆ, ಈ ಕೋರ್ಸೂ ಅಲ್ಲಿಂದ ಬಂದದ್ದೇ, ಕುರ್ಸಿಯೊ, ನಮ್ಮ ಬಾಯಲ್ಲಿ ಮೂರು ದಿನದ ಕೋರ್ಸು, ಕ್ರೈಸ್ತರಾಗಿ ಬದುಕುವುದು ಹೇಗೆ ಅಂತ, ಗಂಡಸರಿಗೆ ಬೇರೆ ಹೆಂಗಸರಿಗೆ ಬೇರೆ, ಮೊದಲು ಗಂಡ ಹೋಗಿ ಬರಬೇಕು ಆಮೇಲೆ ಹೆಂಡತಿ, ಫೋನು ಬಾಗಿಲಲ್ಲೇ ಇಸ್ಕೊಂಡು ಚೀಲಕ್ಕೆ ಹಾಕುತ್ತಾರೆ, ಪಾಠ ಹೇಳುವವರು ಫಾದರ್ ಒಬ್ಬರೇ ಅಲ್ಲ, ಕಾಫಿಪುಡಿ ಅಂಗಡಿಯವರು, ಬ್ಯಾಂಕಿನ ಜವಾನ, ನಮ್ಮ ಹಾಗೇ ಬೆವರುವ ಜನ. ನಾಲ್ಕು ವರ್ಷದ ಹಿಂದೆ ನಾನು ಹೋಗಿದ್ದಾಗ ಚೌರಪ್ಪ ಮೇಷ್ಟ್ರು, ರಿಟೈರಾದ ಮೇಲೆ ಅವರಿಗೆ ಇದೇ ಕೆಲಸ, ಪಲಾಂಕ ಅಂದ್ರೆ ಹಾರೆ ಕಣಯ್ಯಾ ಅಂದಿದ್ದರು, ದೊಡ್ಡ ಕಲ್ಲು ಎಬ್ಬಿಸ್ಬೇಕಾದ್ರೆ ಸಂದೀಲಿ ಹಾರೆ ಕೊಟ್ಟು ಮೀಟಲ್ವ, ಅಂಗೆ, ಒಳಗಿರೋರ ಮನಸ್ಸನ್ನ ಹೊರಗಿರೋರು ಮೀಟೋದು, ಮನೆಯೋರು ಗುಟ್ಟಾಗಿ ಏನಾರ ಒಂದು ಬುಟ್ಟು, ಇಲ್ಲ ಕಷ್ಟದ್ದು ಒಂದು ಮಾಡಿ, ನಿನಗೋಸ್ಕರ ಇದ ಮಾಡ್ದೆ ಅಂತ ಬರ್ದು ಕೊಡೋದು. ಶನಿವಾರ ಸಂಜೆ ಊಟದ ತಟ್ಟೆಯ ಪಕ್ಕ ಇಡುತ್ತಾರೆ ಆ ಕಾಗದಗಳನ್ನು, ಮುಂಚೆ ಗೊತ್ತಿರುವುದಿಲ್ಲ, ಗಡ್ಡ ಬಂದ ಗಂಡಸರು ಅನ್ನ ಬಿಟ್ಟು ಅಳುವುದು ನಾನು ನೋಡಿದ್ದು ಅವತ್ತೇ. ನನಗೆ ಎರಡು ಬಂದಿದ್ದವು. ಆರೋಗ್ಯ ಮೂರು ದಿನ ಒಪ್ಪೊತ್ತು ಇದ್ದಳು. ಇನ್ನೊಂದು ದೊಡ್ಡ ಮಗಳು ನಯನಾಳದು, ಆಗ ಪಿಯುಸಿ ಓದುತ್ತಿದ್ದಳು, ನೋಟ್‌ಬುಕ್ಕಿನ ಹಾಳೆ, ಅಪ್ಪ ನಿನಗೋಸ್ಕರ ಮೂರು ದಿನ ಮೊಬೈಲ್ ಮುಟ್ಟಲ್ಲ, ಬೆಳಿಗ್ಗೆ ಎದ್ದು ಟೆಂಪೊ ತೊಳೀತೀನಿ. ತೊಳೆದಿದ್ದಳು, ಚಕ್ರದ ಸಂದಿಯ ಕೆಮ್ಮಣ್ಣು ಕೂಡ, ಕನ್ನಡಿಗಳನ್ನು ಪೇಪರಿನಲ್ಲಿ ಉಜ್ಜಿದ್ದಳು, ಅದರಲ್ಲಿ ಹಿಂದಿನದೆಲ್ಲ ಹತ್ತಿರಕ್ಕೆ ಬಂದ ಹಾಗೆ ಕಾಣುತ್ತಿತ್ತು —

ಕನ್ನಡಿ ಬೇಡ. ಕಾಗದಗಳನ್ನು ಮುಂಚೆಯೇ ಕೊಡಬೇಕು, ಅದೇ ತೊಡಕು, ಕೋರ್ಸು ಶುರುವಾಗುವ ಮೊದಲು ಎಲ್ಲ ಕಾಗದ ಮೇಷ್ಟ್ರ ಕೈಸೇರಬೇಕು, ಹಾಗಾಗಿ ಎಲ್ಲರೂ ಇನ್ನೂ ಮಾಡದೇ ಇರುವುದನ್ನು ಬರೆಯುತ್ತಾರೆ, ಬರೆದ ಮೇಲೆ ಮಾಡುತ್ತಾರೆ, ಮಾಡಿಯೇ ಮಾಡುತ್ತಾರೆ, ಶನಿವಾರ ಓದುತ್ತಾರಲ್ಲ. ಬುಧವಾರ ಗುಂಡ್ಲುಪೇಟೆ ಮಾರ್ಕೆಟ್ಟಿನಲ್ಲಿ ಬೀನ್ಸ್ ಲೋಡಾಗುವಾಗ ಕ್ರೇಟಿನ ಮೇಲೆ ಕೂತು ಬರೆದೆ, ಮೊದಲು ಮೂರು ದಿನ ಬೀಡಿ ಸೇದಲ್ಲ ಅಂತ ಬರೆದೆ, ಹರಿದೆ, ಪ್ರತಿ ತಪಸ್ಸುಕಾಲದಲ್ಲೂ, ಈಸ್ಟರಿನ ಮುಂಚಿನ ನಲವತ್ತು ದಿನ, ಬೀಡಿ ಬಿಟ್ಟು ಹಬ್ಬದ ದಿನ ಪೂಜೆ ಮುಗಿಸಿ ಗೇಟು ದಾಟುತ್ತಲೇ ಹಚ್ಚುವವನು ನಾನು, ಅವಳು ಓದಿ ನಗುತ್ತಾಳೆ. ಮತ್ತೆ ಇನ್ನೊಂದು ಹಾಳೆ. ಹಮಾಲಿ ಗಣೇಶ, ಏನ್ ರಾಯಪ್ಪಣ್ಣ ಲವ್ ಲೆಟ್ರಾ, ಅಂದ, ಊಂ ಕಣ್ಲಾ ಅಂದೆ, ಪೆನ್ನು ಅಷ್ಟರಲ್ಲಿ ಬರೆದಿತ್ತು — ಆರೋಗ್ಯ, ನೀನು ಇದನ್ನು ಓದುವ ಹೊತ್ತಿಗೆ ನಾನು ನಯನಾಗೆ ಫೋನ್ ಮಾಡಿ ಮಾತಾಡಿರುತ್ತೇನೆ. ಅಷ್ಟೇ. ಮಡಿಸಿ ಅಂಟು ಹಚ್ಚಿದೆ, ಅಂಟು ಒಣಗುವ ಮೊದಲೇ ಬಿಚ್ಚಿ ಹರಿಯೋಣ ಅನ್ನಿಸಿತು, ಆದರೆ ಮೇಷ್ಟ್ರು ಸ್ಕೂಟರಿನಲ್ಲಿ ಬಂದು ಇಸ್ಕೊಂಡು ಹೋದರು. ಗುರುವಾರ ಇರಲಿ ನಾಳೆ ಅಂದುಕೊಂಡೆ. ಶುಕ್ರವಾರ ಕೇರಳದ ಲೋಡು, ಹಂಗಳದ ಹತ್ತಿರ ನಿಧಾನ ಮಾಡಿದೆ, ಅಲ್ಲಿ ಟವರ್ ಸಿಗುತ್ತದೆ, ಬಂಡೀಪುರದ ಕಾಡೊಳಗೆ ಹೋದರೆ ಸಿಗುವುದಿಲ್ಲ, ಕಾಡು ಬರುವವರೆಗೂ ನಿಧಾನವಾಗಿಯೇ ಹೋದೆ, ಕಾಡು ಬಂತು, ಟವರ್ ಹೋಯಿತು, ಉಸಿರು ಬಿಟ್ಟೆ. ಶನಿವಾರವೂ ಹಾಗೇ. ಮೂರು ದಿನ ಬೀಡಿ ಮಾತ್ರ ಸೇದಲಿಲ್ಲ, ಬರೆದು ಹರಿದದ್ದನ್ನು ಮಾಡಿದೆ, ಬರೆದು ಕೊಟ್ಟದ್ದನ್ನು ಮಾಡಲಿಲ್ಲ.

ನಯನಾ ಏನು ತಪ್ಪು ಮಾಡಿದಳು ಅಂತ ಯಾರಾದರೂ ಕೇಳಿದರೆ ಈಗ ಹೇಳಲು ಬರುವುದಿಲ್ಲ, ಆಗ ಬರುತ್ತಿತ್ತು, ಬಾಯಿ ತುಂಬ ಬರುತ್ತಿತ್ತು. ಹಂಗಳದ ಹುಡುಗ, ಸೋಮೇಶ್, ಲಿಂಗ ಕಟ್ಟುವ ಮನೆಯವನು, ಕೃಷಿ ಇಲಾಖೆಯಲ್ಲಿ ಕೆಲಸ, ರಿಜಿಸ್ಟ್ರಾರ್ ಆಫೀಸಿನಲ್ಲಿ ಸೈನು ಹಾಕಿ ಸಂಜೆ ಇಬ್ಬರೂ ಬಂದು ನಿಂತರು, ಹುಡುಗ ಬಗ್ಗಿ ಕಾಲು ಮುಟ್ಟಲು ಬಂದ, ನಾನು ಕಾಲು ಹಿಂದಕ್ಕೆ ಎಳೆದುಕೊಂಡೆ. ಚರ್ಚಿನಲ್ಲಿ ಭಾನುವಾರ ಬೈಬಲಿನ ಎರಡನೇ ವಾಚನ ಓದುವವನ ಮಗಳು, ದೇವರ ಪೀಠದ ಮುಂದೆ ನಿಲ್ಲದೆ ಮದುವೆಯಾದಳು, ನಾನು ವಾಚನ ಓದುವುದನ್ನು ಬಿಟ್ಟೆ, ಯಾರೂ ಬಿಡು ಅನ್ನಲಿಲ್ಲ, ನಾನೇ ಬಿಟ್ಟೆ, ಅವಳ ನಂಬರನ್ನು ಫೋನಿನಿಂದ ಅಳಿಸಿದೆ, ಅದೂ ಸಾಲದೆ ಮೇಷ್ಟ್ರ ಮನೆಗೆ ಹೋಗಿ ನಮ್ಮ ಧರ್ಮಕೇಂದ್ರದ ಪುಸ್ತಕದಲ್ಲಿ ನಮ್ಮ ಕುಟುಂಬದ ಹಾಳೆಯಿಂದ ಅವಳ ಹೆಸರು ತೆಗೆಸಿಬಿಡಿ ಅಂದೆ. ಮೇಷ್ಟ್ರು ಕಾಫಿ ಕೊಡಿಸಿದರು. ದೀಕ್ಷಾಸ್ನಾನ ಆದ ಹೆಸರು ಅಳಿಸೋ ರಬ್ಬರು ಇನ್ನೂ ಅಂಗಡೀಗೆ ಬಂದಿಲ್ಲ ಕಣಯ್ಯಾ, ಅಂದರು, ಆಮೇಲೆ, ಕೋರ್ಸಲ್ಲಿ ನಾಲ್ಕನೇ ದಿನ ಅಂತ ಹೇಳಿದ್ದು ಗೆಪ್ತಿ ಅದಾ? ಇತ್ತು. ಮೂರು ದಿನ ಮುಗಿದ ಮೇಲೆ ಸಾಯುವವರೆಗಿನ ಬದುಕೆಲ್ಲ ಒಂದೇ ದಿನವಂತೆ, ನಾಲ್ಕನೇ ದಿನ, ಅದರಲ್ಲಿ ಹೇಗಿರುತ್ತೀಯ ಅನ್ನುವುದೇ ಪರೀಕ್ಷೆ. ನನ್ನ ನಾಲ್ಕನೇ ದಿನ ನಾಲ್ಕು ವರ್ಷದಿಂದ ನಡೆಯುತ್ತಿದೆ, ಅವಳ ಮದುವೆಯಾಗಿ ಒಂದು ತಿಂಗಳಿಗೆ ಅದರಲ್ಲೊಂದು ಬೆಳಿಗ್ಗೆ ಬಂತು, ಹಂಗಳದ ಬಸ್ ಸ್ಟಾಪು, ನೀಲಿ ಚೂಡಿದಾರ, ಟೆಂಪೊ ನೋಡಿ ಗುರುತು ಹಿಡಿದಳು, ಮುಂದಿನ ಗಾಜಿನಲ್ಲಿ ನೋಡಿದ್ದರೆ ಮುಖ ಕಾಣುತ್ತಿತ್ತು, ನಾನು ನೇರ ನೋಡಿಕೊಂಡು ದಾಟಿಸಿದೆ, ದಾಟಿದ ಮೇಲೆ ಕನ್ನಡಿಯಲ್ಲಿ ನೋಡಿದೆ, ಕೈ ಎತ್ತಿದ್ದಳು, ಪೂರ್ತಿ ಅಲ್ಲ, ಭುಜದ ಎತ್ತರಕ್ಕೆ, ನಿಲ್ಲಿಸು ಅಂತಲೂ ಅಲ್ಲ ಹೋಗಿ ಬಾ ಅಂತಲೂ ಅಲ್ಲ, ತಿರುವು ಬರುವವರೆಗೂ ಆ ಕೈ ಅಲ್ಲೇ ಇತ್ತು, ಸಣ್ಣದಾಗುತ್ತಾ.

ಚಾಮರಾಜನಗರ, ಇಳೀರಿ ಇಳೀರಿ, ಜೆಸಿಂತ ಕಣ್ಣುಜ್ಜಿಕೊಂಡು ಎದ್ದಳು, ಹಾಲ್ ಹತ್ತಿರ ಹೋಗುವಾಗಲೇ ಒಳಗಿಂದ ಡೋಲಕ್ಕಿನ ಶಬ್ದ, ಬಾಗಿಲಿಗೆ ಬಣ್ಣಬಣ್ಣದ ಪುಕ್ಕದ ಹುಂಜದ ಚಿತ್ರ ಅಂಟಿಸಿದ್ದಾರೆ, ಅದು ಈ ಕೋರ್ಸಿನ ಗುರುತು, ನಾನು ಬಂದಿದ್ದ ಸಲದ ಹುಂಜವೇ, ಬಣ್ಣ ಮಾಸಿದೆ. ಮನೆಯವರೆಲ್ಲ ಗೋಡೆಯ ಪಕ್ಕ ಸಾಲಾಗಿ ನಿಂತು ಹಾಡಬೇಕು, ಹೆಂಗಸರು ನಡುವೆ ಬರುತ್ತಾರೆ, ಇಪ್ಪತ್ತಾರು ಜನ, ಕುತ್ತಿಗೆಯಲ್ಲಿ ಮರದ ಶಿಲುಬೆ, ಮೂರು ದಿನ ಚೆನ್ನಾಗಿ ನಿದ್ದೆ ಮಾಡಿದವರ ಮುಖವೂ ಅಲ್ಲ ಅತ್ತವರ ಮುಖವೂ ಅಲ್ಲ. ಆರೋಗ್ಯ ಹದಿನೈದನೆಯವಳೋ ಹದಿನಾರನೆಯವಳೋ, ನನ್ನನ್ನು ನೋಡಿದಳು, ಜೆಸಿಂತನನ್ನು ನೋಡಿದಳು, ಆಮೇಲೆ ನನ್ನ ಭುಜದ ಆಚೆ ನೋಡಿದಳು, ಬಾಗಿಲ ಕಡೆ, ಇನ್ನೂ ಯಾರೋ ಚಪ್ಪಲಿ ಬಿಡುತ್ತಿದ್ದಾರೆ ಅನ್ನುವ ಹಾಗೆ ಕಾದು ನೋಡಿದಳು. ಬಾಗಿಲಲ್ಲಿ ಯಾರೂ ಇರಲಿಲ್ಲ, ನನ್ನ ಹಿಂದೆ ಸುಣ್ಣದ ಗೋಡೆ. ಒಬ್ಬೊಬ್ಬರೂ ಮೈಕಿನಲ್ಲಿ ಎರಡು ಮಾತು ಹೇಳಬೇಕು, ಇವಳು ಮೈಕನ್ನು ಎರಡು ಕೈಯಲ್ಲಿ ಹಿಡಿದುಕೊಂಡಳು, ನಮ್ಮನೆಯೋರು ಒಂದು ಕಾಗ್ದ ಬರ್ದಿದ್ರು, ಅದ್ರಲ್ಲಿ ಏನಿತ್ತು ಅಂತ ಇಲ್ಲಿ ಹೇಳಾಕಿಲ್ಲ, ಅದ ಓದಿ ನಂಗೆ ಅನ್ನ ಇಳೀನಿಲ್ಲ, ಅಂದಳು, ಕೊಟ್ಟಳು ಮೈಕು, ಜನ ಚಪ್ಪಾಳೆ ತಟ್ಟಿದರು, ಪಕ್ಕದಲ್ಲಿದ್ದವರು ನನ್ನ ಬೆನ್ನು ತಟ್ಟಿದರು, ನಾನು ಗೋಡೆಗೆ ಒರಗಿಕೊಂಡೆ.

ಹಾಡು ಮುಗಿದು ಕೇಸರಿಬಾತು ಕಾಫಿ ಹಂಚುವಾಗ ಬಂದಳು, ಮೂರು ದಿನ ಬೇರೆ ಸೋಪು ಹಾಕಿದ ವಾಸನೆ, ಜೆಸಿಂತನ ಜಡೆ ಸರಿ ಮಾಡಿದಳು, ನನ್ನ ಶರ್ಟಿನ ಗುಂಡಿ ನೋಡಿದಳು, ಮೆಲ್ಲಗೆ ಕೇಳಿದಳು, ಏನಂದ್ಲು ಕೂಸು? ಅಷ್ಟೇ ಕೇಳಿದಳು, ಕಣ್ಣು ಅಷ್ಟು ನಂಬಿಕೊಂಡಿತ್ತು, ಚೆನ್ನಾಗವ್ಳೆ ಕಣಮ್ಮಿ ಅಂದುಬಿಟ್ಟರೆ ಮುಗಿಯಿತು, ನಾಲಿಗೆಯ ತುದಿಯಲ್ಲೇ ಇತ್ತು, ನಾಳೆ ಮಾಡಿಬಿಡಬಹುದು, ಹಂಗಳದಲ್ಲಿ ಟವರ್ ಸಿಗುತ್ತದೆ, ಯಾರಿಗೆ ಗೊತ್ತಾಗುತ್ತದೆ, ಕಾಫಿ ಲೋಟದ ಬಿಸಿ ಬೆರಳಿಗೆ ಹತ್ತಿತು. ಮಾಡ್ನಿಲ್ಲ ಕಣಮ್ಮಿ, ಅಂದೆ. ಅವಳು ಕಾಫಿ ಲೋಟ ನನ್ನ ಕೈಯಿಂದ ತೆಗೆದು ಕಿಟಕಿಯ ಮೇಲಿಟ್ಟಳು, ನನ್ನ ಶರ್ಟಿನ ಜೇಬಿನಿಂದ ಫೋನು ತೆಗೆದಳು, ನನ್ನ ಅಂಗೈಯಲ್ಲಿಟ್ಟಳು, ಬೆರಳುಗಳನ್ನು ಒಂದೊಂದಾಗಿ ಮಡಿಸಿದಳು. ನಂಬರಿಲ್ಲ, ಅಳ್ಸಿದೆ, ಅಂದೆ. ಜೆಸಿಂತ ಕೇಸರಿಬಾತಿನ ಎಲೆ ಹಿಡಿದುಕೊಂಡೇ, ನಂಗೆ ಬಾಯಲ್ಲೇ ಬತ್ತದೆ, ಒತ್ತಪ್ಪ, ಅಂದಳು, ಒಂದೊಂದೇ ಹೇಳಿದಳು, ಎಷ್ಟು ದಿನದಿಂದ ಬಾಯಲ್ಲಿಟ್ಟುಕೊಂಡಿದ್ದಳೋ, ಕೊನೆಯ ಎರಡು ಅಂಕಿ ಅವಳು ಹೇಳುವ ಮೊದಲೇ ನನ್ನ ಬೆರಳು ಒತ್ತಿತ್ತು. ರಿಂಗಾಗುತ್ತಿದೆ. ಹಾಲ್‌ನಲ್ಲಿ ಜನ ಮಾತಾಡುತ್ತಿದ್ದಾರೆ, ಆರೋಗ್ಯ ನನ್ನ ಮುಖವನ್ನೇ ನೋಡುತ್ತಿದ್ದಾಳೆ, ಎರಡನೇ ರಿಂಗು, ಏನು ಹೇಳಬೇಕು ಅಂತ ಬರೆದಿಲ್ಲ, ಮೂರನೆಯದು, ಹಂಗಳದ ಸ್ಟಾಪು, ತೊಳೆದ ಕನ್ನಡಿ, ನೀಲಿ, ಭುಜದ ಎತ್ತರಕ್ಕೆ ಎತ್ತಿದ ಕೈ, ತಿರುವು ಇನ್ನೂ ಬಂದಿಲ್ಲ, ಆ ಕೈ ಇನ್ನೂ ಇಳಿದಿಲ್ಲ